ಪ್ಯಾಕೆಟ್ ಟ್ರೇಸರಿನ ಪಾಸ್‌ವರ್ಡ್ ಮರೆತ ಅಳಿಯನಿಗೆ

ಚಿ. ಪುಟ್ಟನಿಗೆ ಸೋದರಮಾವನ ಆಶೀರ್ವಾದಗಳು.

ಪಾಸ್‌ವರ್ಡ್ ಮರೆತಿದೆ ಎಂದಷ್ಟೇ ಬರೆದಿದ್ದೀಯ, ಯಾವುದರದ್ದು ಅಂತ ಹೇಳಿಲ್ಲ. ಪ್ಯಾಕೆಟ್ ಟ್ರೇಸರ್ (ಕಂಪ್ಯೂಟರ್ ಜಾಲ ಕಟ್ಟಿ ಕಲಿಯುವ ಸಿಸ್ಕೋ ತಂತ್ರಾಂಶ) ಅಭ್ಯಾಸದಲ್ಲಿ ಎರಡು ಬೀಗ. ಒಂದು ಅದರೊಳಗಿನ ರೂಟರಿನದು, ಇನ್ನೊಂದು ಪಿಕೆಎ ಕಡತದ (ಅಂಕ ಕೊಡುವ ಅಭ್ಯಾಸದ ಕಡತ) ಆಕ್ಟಿವಿಟಿ ವಿಝಾರ್ಡಿನದು, ಅಂದರೆ ಮೇಷ್ಟರು ಪ್ರಶ್ನೆ, ಉತ್ತರ, ಅಂಕ ಹೊಂದಿಸುವ ಭಾಗದ್ದು.

ರೂಟರಿನದಾದರೆ ದಾರಿ ಇದೆ. ಪವರ್ ಆಫ್ ಮಾಡಿ ಆನ್ ಮಾಡು, ಬೂಟ್ ಆಗುತ್ತಿರುವಾಗಲೇ ಕಂಟ್ರೋಲ್-ಬ್ರೇಕ್ ಒತ್ತು. ರಾಮ್‌ಮಾನ್ (ರೂಟರ್ ಪೂರ್ತಿ ಏಳುವ ಮುಂಚಿನ ಕಿರು ಆದೇಶ ತೆರೆ) ಬಂದಮೇಲೆ ‘ಕಾನ್‌ಫ್‌ರೆಗ್ 0ಎಕ್ಸ್2142’ (confreg 0x2142), ಆಮೇಲೆ ‘ರೀಸೆಟ್’. ಆಗ ರೂಟರ್ ಸ್ಟಾರ್ಟಪ್ ಕಾನ್ಫಿಗನ್ನು (ಸೇವ್ ಮಾಡಿಟ್ಟ ಹೊಂದಿಕೆ) ಓದದೆ ಏಳುತ್ತದೆ. ‘ಎನೇಬಲ್’ ಕೊಟ್ಟು ಸ್ಟಾರ್ಟಪ್ಪನ್ನು ರನ್ನಿಂಗ್‌ಗೆ (ಈಗ ನಡೆಯುತ್ತಿರುವ ಹೊಂದಿಕೆ) ಕಾಪಿ ಮಾಡು. ಎಡವುವುದು ಇಲ್ಲೇ: ದಿಕ್ಕು ತಿರುಗಿಸಿದೆಯೋ, ಖಾಲಿ ಕಾನ್ಫಿಗ್ ಹೋಗಿ ಹಳೆಯದರ ಮೇಲೆ ಕೂರುತ್ತದೆ. ಹೊಸ ಎನೇಬಲ್ ಸೀಕ್ರೆಟ್ (ರೂಟರಿನ ಪಾಸ್‌ವರ್ಡ್) ಇಡು, ಮುಚ್ಚಿಕೊಂಡ ಇಂಟರ್‌ಫೇಸುಗಳಿಗೆ ‘ನೋ ಶಟ್‌ಡೌನ್’ ಕೊಡು, ಕಾನ್‌ಫ್‌ರೆಗ್‌ನಿಂದ ಬದಲಿಸಿದ ರಿಜಿಸ್ಟರನ್ನು (ಹೇಗೆ ಬೂಟ್ ಆಗಬೇಕೆಂದು ಹೇಳುವ ಸಂಖ್ಯೆ) 0ಎಕ್ಸ್2102ಕ್ಕೆ ಮರಳಿಸಿ ಸೇವ್ ಮಾಡು. ಮರಳಿಸದಿದ್ದರೆ ಪ್ರತಿ ರೀಲೋಡಿಗೂ ರೂಟರ್ ಬರಿಗೈಯಲ್ಲಿ ಏಳುತ್ತದೆ. ಅಂದಹಾಗೆ, ಕಾನ್ಫಿಗ್ ಸೇವ್ ಆಗಿರದಿದ್ದರೆ ಪವರ್ ಆಫ್ ಮಾಡಿದ ಕೂಡಲೇ ಪಾಸ್‌ವರ್ಡಿನ ಜೊತೆ ಎಲ್ಲವೂ ಹೋಗುತ್ತದೆ.

ವಿಝಾರ್ಡಿನದಾದರೆ ಇಂಥ ಹಿಂಬಾಗಿಲು ಇಲ್ಲ. ಮೊದಲು ನಿನ್ನ ಊಹೆಗಳನ್ನು ನೋಟ್‌ಪ್ಯಾಡಿನಲ್ಲಿ ಟೈಪಿಸಿ ಕಣ್ಣಾರೆ ನೋಡು. ಕ್ಯಾಪ್ಸ್ ಲಾಕ್, ಕನ್ನಡದಲ್ಲೇ ಉಳಿದ ಕೀಬೋರ್ಡ್, ಪೇಸ್ಟ್ ಮಾಡುವಾಗ ಕೊನೆಗೆ ಅಂಟಿದ ಸ್ಪೇಸ್, ಬಹುಪಾಲು ಇವುಗಳದ್ದೇ ಚೇಷ್ಟೆ. ಬೀಗ ಒಡೆಯುತ್ತೇವೆನ್ನುವ ಅನಾಮಧೇಯ ತಂತ್ರಾಂಶ ಮಾತ್ರ ಇಳಿಸಿಕೊಳ್ಳಬೇಡ. ಕಡತ ಬೇರೆ ಮೇಷ್ಟರದಾದರೆ ಅವರನ್ನೇ ಕೇಳು, ಒಳಗಿರುವುದು ಅವರ ಉತ್ತರ.

ನಿನ್ನದೇ ಕಡತವಾಗಿ, ಯಾವ ಊಹೆಯೂ ಹತ್ತದಿದ್ದರೆ ಮತ್ತೆ ಕಟ್ಟುವುದೇ ಲೇಸು. ವಿದ್ಯಾರ್ಥಿಯಂತೆ ಅಭ್ಯಾಸವನ್ನು ಪೂರ್ತಿ ಬಿಡಿಸು. ಸಿಎಲ್ಐ (ಆದೇಶ ಟೈಪಿಸುವ ಕಿಟಕಿ) ತೆರೆಯಲು ಬಿಡುವ ಪ್ರತಿ ಸಾಧನದ ‘ಶೋ ರನ್ನಿಂಗ್-ಕಾನ್ಫಿಗ್’ ಅನ್ನು ನಕಲಿಸಿಕೊಂಡು ಹೊಸ ಪಿಕೆಟಿ (ಅಂಕಗಳಿಲ್ಲದ ಬರಿಯ ಜಾಲದ) ಕಡತದಲ್ಲಿ ಪೇಸ್ಟ್ ಮಾಡು. ‘ಎನೇಬಲ್ ಸೀಕ್ರೆಟ್ 5’ ಸಾಲನ್ನು ಹ್ಯಾಶ್ (ಪಾಸ್‌ವರ್ಡಿನ ಗುಪ್ತರೂಪ) ಸಮೇತ ಹಾಕಿದರೆ ಹಳೆಯ ಪಾಸ್‌ವರ್ಡೇ ನಡೆಯುತ್ತದೆ, ಆದರೆ ಹ್ಯಾಶ್ ನೋಡಿ ಅದನ್ನು ಓದಲಾಗದು. ‘ನೋ ಶಟ್‌ಡೌನ್’ ಆ ಪಟ್ಟಿಯಲ್ಲಿ ಕಾಣುವುದಿಲ್ಲ, ರೂಟರುಗಳಿಗೆ ನೀನೇ ಸೇರಿಸಬೇಕು. ಅಂಕಗಳ ಹಂಚಿಕೆಯನ್ನೂ ಹೊಸದಾಗಿ ಗುರುತು ಹಾಕಬೇಕು. ಬೇಸರದ ಕೆಲಸವೇ.

ಮುಂದಿನ ಸಲ ಬೀಗ ಹಾಕುವ ಮುಂಚೆ ಅದೇ ಪಿಕೆಎಯನ್ನು ಬೇರೆ ಹೆಸರಿನಲ್ಲಿ ಸೇವ್ ಮಾಡು, ಉತ್ತರದ ಜಾಲವನ್ನು ಪಿಕೆಟಿಯಾಗಿ ಎಕ್ಸ್‌ಪೋರ್ಟ್ ಮಾಡಿಡು. ಪಾಸ್‌ವರ್ಡನ್ನು ಪಾಸ್‌ವರ್ಡ್ ಮ್ಯಾನೇಜರಿನಲ್ಲಿ ಕಡತದ ಹೆಸರಿನಡಿ ಬರೆದಿಡು. ಜೊತೆಗೆ ಪ್ಯಾಕೆಟ್ ಟ್ರೇಸರಿನ ಆವೃತ್ತಿಯನ್ನೂ ಬರೆ: ಹೊಸದರಲ್ಲಿ ಉಳಿಸಿದ ಕಡತ ಹಳೆಯದರಲ್ಲಿ ತೆರೆಯುವುದಿಲ್ಲ, ಅದನ್ನೂ ಪಾಸ್‌ವರ್ಡಿನ ತಲೆಗೆ ಕಟ್ಟಬೇಡ.

ಇಂತಿ,
ನಿನ್ನ ಸೋದರಮಾವ