ಬಾಕಿ ಬಿಲ್: ‘ಪರಿಗಣಿಸಿ’ ಎಂಬ ಆದೇಶದಿಂದ ಹಣ ಬಾರದು

ಸಂಪಾದಕರಿಗೆ,

ಮಾನ್ಯರೇ,

ಸರ್ಕಾರಿ ಕಾಮಗಾರಿ ಮುಗಿಸಿದ ಗುತ್ತಿಗೆದಾರರು ಬಾಕಿ ಬಿಲ್‌ಗಾಗಿ ಹೈಕೋರ್ಟ್ ಮೆಟ್ಟಿಲೇರುವುದು ನಮ್ಮ ರಾಜ್ಯದಲ್ಲಿ ಮಾಮೂಲಾಗಿಬಿಟ್ಟಿದೆ. ಆದೇಶ ಕೈಗೆ ಬಂದ ಮೇಲೂ ಹಣ ಸಿಗದೆ ಕಂಗಾಲಾಗುವವರು ಅವರಲ್ಲಿ ಬಹಳ ಮಂದಿ. ಕಾರಣ ಆದೇಶದ ಕೊನೆಯ ಸಾಲಿನಲ್ಲೇ ಇರುತ್ತದೆ: ಅರ್ಜಿದಾರರ ಮನವಿಯನ್ನು ಇಂತಿಷ್ಟು ವಾರಗಳೊಳಗೆ ಕಾನೂನು ಪ್ರಕಾರ ಪರಿಗಣಿಸಬೇಕು. ಅಂದರೆ ಇಲಾಖೆ ಉತ್ತರ ಕೊಟ್ಟರೆ ಸಾಕು. ‘ಅನುದಾನ ಬಿಡುಗಡೆಯಾದ ನಂತರ ಜ್ಯೇಷ್ಠತೆಯಂತೆ ಪಾವತಿಸಲಾಗುವುದು’ ಎಂದು ಗಡುವಿನೊಳಗೆ ಒಂದು ಹಿಂಬರಹ ಬಂದರೆ ಆದೇಶ ಪಾಲನೆಯಾದ ಲೆಕ್ಕ. ನ್ಯಾಯಾಂಗ ನಿಂದನೆ ಅರ್ಜಿ ಅಲ್ಲಿ ನಿಲ್ಲುವುದು ಕಷ್ಟ. ಮತ್ತೆ ಹೊಸ ರಿಟ್ (ಸರ್ಕಾರಕ್ಕೆ ನಿರ್ದೇಶನ ಕೋರಿ ಹೈಕೋರ್ಟಿಗೆ ನೇರವಾಗಿ ಸಲ್ಲಿಸುವ ಅರ್ಜಿ) ಹಾಕಬೇಕು.

‘ಇಷ್ಟು ಮೊತ್ತ ಪಾವತಿಸಿ’ ಎಂಬ ನೇರ ಆದೇಶ ಬೇಕಿದ್ದರೆ, ಬಾಕಿಯನ್ನು ಇಲಾಖೆಯೇ ಒಪ್ಪಿಕೊಂಡಿದೆ ಎಂದು ಕಾಗದದಲ್ಲಿ ತೋರಿಸಬೇಕು. ಗುತ್ತಿಗೆ ವಿಷಯದಲ್ಲೂ ಸಂವಿಧಾನದ 226ನೇ ವಿಧಿಯಡಿ ರಿಟ್ ಸಲ್ಲುತ್ತದೆ ಎಂದು ಸುಪ್ರೀಂ ಕೋರ್ಟ್ 2003ರ ಎಬಿಎಲ್ ಇಂಟರ್‌ನ್ಯಾಷನಲ್ ಪ್ರಕರಣದಲ್ಲಿ ಹೇಳಿದೆ. ಆದರೆ ಅಳತೆ, ಗುಣಮಟ್ಟದ ಬಗ್ಗೆ ನಿಜವಾದ ತಕರಾರಿದ್ದರೆ ಹೈಕೋರ್ಟ್ ಸಾಮಾನ್ಯವಾಗಿ ಸಾಕ್ಷಿ ವಿಚಾರಣೆಗೆ ಇಳಿಯದೆ ಸಿವಿಲ್ ಕೋರ್ಟಿನ ದಾರಿ ತೋರಿಸುತ್ತದೆ. ಹಾಗಾಗಿ ಕಾರ್ಯಾದೇಶ, ಕರಾರು, ಪೂರ್ಣಗೊಂಡ ಪ್ರಮಾಣಪತ್ರದ ಜೊತೆ ಅಳತೆ ಪುಸ್ತಕದ (ಮಾಡಿದ ಕೆಲಸದ ಅಳತೆಯನ್ನು ಎಂಜಿನಿಯರ್ ದಾಖಲಿಸುವ ಪುಸ್ತಕ) ಪುಟಗಳು ಇರಲೇಬೇಕು. ಆ ಪುಟವನ್ನು ಕಣ್ಣಿಟ್ಟು ನೋಡಬೇಕು: ಉದ್ದ, ಅಗಲ, ಆಳದ ಅಂಕಿಗಳ ಕೆಳಗೆ ಜೆಇ (ಕಿರಿಯ ಎಂಜಿನಿಯರ್) ಸಹಿಯ ಜೊತೆ ದಿನಾಂಕ ಇದೆಯೇ, ಮೇಲಧಿಕಾರಿಯ ಮರುಪರಿಶೀಲನೆಯ ಸಹಿ ಬಿದ್ದಿದೆಯೇ, ತಿದ್ದಿದ ಕಡೆ ಸಹಿ ಇದೆಯೇ. ಮೇಲಧಿಕಾರಿಯ ಸಹಿ ಇಲ್ಲದ ಪುಟ ತಕರಾರಿಗೆ ತೆರೆದ ಬಾಗಿಲು.

ಇದಕ್ಕಿಂತ ಬೆಲೆಬಾಳುವ ಕಾಗದ ಮತ್ತೊಂದಿದೆ. ‘ಈ ಬಿಲ್ ಪಾವತಿಗೆ ಬಾಕಿ ಇದ್ದು ಅನುದಾನ ಒದಗಿಸಿ’ ಎಂದು ಕಾರ್ಯಪಾಲಕ ಎಂಜಿನಿಯರ್ ತಮ್ಮ ಮೇಲಧಿಕಾರಿಗೆ ಬರೆದ ಪತ್ರ. ಆರ್‌ಟಿಐ ಅಡಿ 10 ರೂಪಾಯಿ ಶುಲ್ಕ ಕಟ್ಟಿ ಇದರ ದೃಢೀಕೃತ ಪ್ರತಿ ಕೇಳಬಹುದು. ಬಾಕಿ ವಸೂಲಿ ದಾವೆಗೆ ಸಾಮಾನ್ಯವಾಗಿ ಮೂರು ವರ್ಷದ ಕಾಲಮಿತಿ. ‘ಅನುದಾನ ಬರಲಿ’ ಎಂಬ ಬಾಯಿಮಾತು ನಂಬಿ ಕಾಯುತ್ತ ಕೂತರೆ ಅದು ಸದ್ದಿಲ್ಲದೆ ಮುಗಿದುಹೋಗುತ್ತದೆ. ಮನವಿ ಮೇಲೆ ಮನವಿ ಕೊಟ್ಟರೂ ಅವಧಿ ವಿಸ್ತರಣೆಯಾಗದು. ಆ ಮೂರು ವರ್ಷದೊಳಗೆ ಇಲಾಖೆ ಸಹಿ ಮಾಡಿ ಬಾಕಿ ಒಪ್ಪಿದ ಪತ್ರ ಇದ್ದರೆ, ಕಾಲಮಿತಿ ಕಾಯ್ದೆಯ 18ನೇ ಕಲಂ ಪ್ರಕಾರ ಅಂದಿನಿಂದ ಹೊಸದಾಗಿ ಲೆಕ್ಕ ಶುರು. ಪತ್ರ ಗುತ್ತಿಗೆದಾರರ ಹೆಸರಿಗೇ ಬರೆದಿರಬೇಕು ಎಂದೇನಿಲ್ಲ.

ಪ್ರಕರಣ ಬಿದ್ದುಹೋಗುವುದು ಹೆಚ್ಚಾಗಿ ಹೆಚ್ಚುವರಿ ಕೆಲಸದಲ್ಲಿ. ಇಲಾಖೆಯ ಅಧಿಕಾರಿ ಸ್ಥಳದಲ್ಲಿ ನಿಂತು ‘ಇನ್ನೊಂದಿಷ್ಟು ಚರಂಡಿ ಎಳೆದುಬಿಡಿ, ಆಮೇಲೆ ಸೇರಿಸೋಣ’ ಎನ್ನುತ್ತಾರೆ. ಲಿಖಿತ ಮಂಜೂರಾತಿ ಇಲ್ಲದ ಈ ಭಾಗವನ್ನು ಒಪ್ಪಿತ ಬಿಲ್ ಜೊತೆ ಒಂದೇ ರಿಟ್‌ನಲ್ಲಿ ಕೇಳಿದರೆ ಇಡೀ ಮೊತ್ತವೇ ವಿವಾದಿತ ಎನಿಸಿಕೊಳ್ಳುತ್ತದೆ. ಅದನ್ನು ಬೇರ್ಪಡಿಸಿ, ಪುಕ್ಕಟೆಯಾಗಿ ಮಾಡದ ಕೆಲಸದ ಲಾಭ ಪಡೆದವರು ಅದಕ್ಕೆ ಹಣ ಕೊಡಬೇಕು ಎನ್ನುವ ಭಾರತೀಯ ಕರಾರು ಕಾಯ್ದೆಯ 70ನೇ ಕಲಂ ಅಡಿ ದಾವೆಯಲ್ಲಿ ಕೇಳುವುದು ಲೇಸು. ಹಾಗೆಯೇ ಒಂದು ಇಲಾಖೆಯ ಅನುದಾನದಲ್ಲಿ ಇನ್ನೊಂದು ಸಂಸ್ಥೆ ಮಾಡಿಸಿದ ಕಾಮಗಾರಿಯಾದರೆ ಇಬ್ಬರನ್ನೂ ಪ್ರತಿವಾದಿ ಮಾಡಬೇಕು. ಇಲ್ಲದಿದ್ದರೆ ಒಬ್ಬರು ಇನ್ನೊಬ್ಬರತ್ತ ಬೊಟ್ಟು ಮಾಡಿ ಕೈತೊಳೆದುಕೊಳ್ಳುತ್ತಾರೆ.

ಸಿವಿಲ್ ದಾವೆ ದುಬಾರಿ ಮತ್ತು ನಿಧಾನ. ಕೇಳುವ ಮೊತ್ತಕ್ಕೆ ತಕ್ಕಂತೆ ಕೋರ್ಟ್ ಶುಲ್ಕ, ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) 80ನೇ ಕಲಂ ಪ್ರಕಾರ ಎರಡು ತಿಂಗಳ ನೋಟಿಸ್, ಡಿಕ್ರಿ ಆದ ಮೇಲೂ ಸರ್ಕಾರದ ವಿರುದ್ಧ ಜಾರಿಗೆ ಮೂರು ತಿಂಗಳು ಕಾಯಬೇಕು. ಎಲ್ಲರೂ ರಿಟ್‌ಗೆ ಓಡುವುದು ಇದಕ್ಕೇ. ಇತ್ತ ಬಿಲ್ ಹಣ ಬರುವ ಮೊದಲೇ ಸಿಮೆಂಟ್, ಜಲ್ಲಿ, ಕೂಲಿ ಎಲ್ಲಕ್ಕೂ ಕೊಟ್ಟಾಗಿರುತ್ತದೆ. ಇನ್‌ವಾಯ್ಸ್ ಕೊಟ್ಟಿದ್ದರೆ ಶೇ 18ರ ಜಿಎಸ್‌ಟಿಯನ್ನೂ ಕೈಯಿಂದಲೇ ಕಟ್ಟುವ ಪರಿಸ್ಥಿತಿ. ಸಾಲ ಮಾಡಿ ಕೆಲಸ ಮುಗಿಸಿದ ಸಣ್ಣ ಗುತ್ತಿಗೆದಾರನಿಗೆ ಇದು ತಡೆಯಲಾರದ ಹೊರೆ.

1999ರ ಕೆಟಿಪಿಪಿ ಕಾಯ್ದೆ (ಸರ್ಕಾರಿ ಖರೀದಿಯಲ್ಲಿ ಪಾರದರ್ಶಕತೆಗಾಗಿ ಇರುವ ಕರ್ನಾಟಕದ ಕಾಯ್ದೆ) ಟೆಂಡರ್ ಹಂತಕ್ಕೆ ಪಾರದರ್ಶಕತೆ ತಂದಿತು. ಕೆಲಸ ಮುಗಿದ ಮೇಲೆ ಯಾರಿಗೆ ಮೊದಲು ಪಾವತಿ ಎಂಬುದು ಮಾತ್ರ ಇಂದಿಗೂ ಕಚೇರಿಯ ಕಡತದಲ್ಲೇ ಉಳಿದಿದೆ. ‘ಜ್ಯೇಷ್ಠತೆಯಂತೆ’ ಎಂದು ಕೋರ್ಟಿಗೆ ಬರೆದುಕೊಡುವ ಇಲಾಖೆ ಆ ಜ್ಯೇಷ್ಠತಾ ಪಟ್ಟಿಯನ್ನು ಜನರ ಮುಂದಿಡಲಿ. ಬಿಲ್ ಸ್ವೀಕರಿಸಿದ ದಿನಾಂಕ, ಅಳತೆ ಪುಸ್ತಕದ ಸಂಖ್ಯೆ, ಮೊತ್ತ, ಲೆಕ್ಕ ಶೀರ್ಷಿಕೆ (ಹಣ ಯಾವ ಬಾಬ್ತಿನದು ಎಂಬುದು), ಪಾವತಿಯ ದಿನಾಂಕ ಇಷ್ಟನ್ನೂ ಪ್ರತಿ ವಿಭಾಗ ತಿಂಗಳಿಗೊಮ್ಮೆ ಜಾಲತಾಣದಲ್ಲಿ ಹಾಕಲಿ. ಸರದಿ ಮೀರಿ ಪಾವತಿಸಿದರೆ ಕಾರಣವನ್ನೂ ಅದೇ ಸಾಲಿನಲ್ಲಿ ಬರೆಯಲಿ. ಅನುದಾನ ಖಾತ್ರಿಯಾಗದ ಕಾಮಗಾರಿಗೆ ಟೆಂಡರ್ ಕರೆಯುವುದನ್ನು ಹಣಕಾಸು ಇಲಾಖೆ ತಡೆಯಲಿ.

ಇಂತಿ,
ಕಾಮಗಾರಿ ಬಿಲ್‌ಗಳ ಲೆಕ್ಕಪತ್ರ ನೋಡುವ ಓದುಗ