ಪಾಲಿನ ದಾವೆಯಲ್ಲಿ ಹೆಣ್ಣುಮಕ್ಕಳ ಹೆಸರೇ ಇಲ್ಲ ಅಂದ್ರೆ ಹೇಗೆ?

ಮಾನ್ಯ ಸಂಪಾದಕರೇ,

ನಮ್ಮಪ್ಪ ಬಿಟ್ಟುಹೋದ ಮೂರು ಎಕರೆ ತೆಂಗಿನ ತೋಟದಲ್ಲಿ ಅರ್ಧ ಪಾಲು ಬೇಕು ಅಂತ ನನ್ನ ತಮ್ಮ ನಮ್ಮಣ್ಣನ ಮೇಲೆ ದಾವೆ ಹಾಕಿ ಏಳು ವರ್ಷ ಆಯ್ತು. ನಾವು ಐದು ಜನ ಮಕ್ಕಳು. ಇಬ್ಬರು ಗಂಡು, ಮೂವರು ಹೆಣ್ಣು. ದಾವೆಯಲ್ಲಿ ಇದ್ದದ್ದು ಅವರಿಬ್ಬರ ಹೆಸರು ಮಾತ್ರ. ಅರ್ಜಿಯ ಜೊತೆ ಇಟ್ಟ ವಂಶವೃಕ್ಷದಲ್ಲಿ ಕೂಡ ನಮ್ಮ ಮೂವರ ಕೊಂಬೆಯೇ ಇರಲಿಲ್ಲ.

ನನಗೆ ಇದು ಗೊತ್ತಾದದ್ದು ಹೋದ ವರ್ಷ ಊರ ಜಾತ್ರೆಗೆ ಹೋದಾಗ, ಅದೂ ಪಕ್ಕದ ತೋಟದವರ ಬಾಯಿಂದ. ತಮ್ಮನನ್ನು ಕೇಳಿದೆ. "ಅಕ್ಕಾ, ನಿಮ್ಮನ್ನೆಲ್ಲ ಕೋರ್ಟಿಗೆ ಯಾಕೆ ಎಳೆಯೋದು ಅಂತ ಸುಮ್ನಿದ್ವಿ" ಅಂದ. ಅವನು ಕೆಟ್ಟವನಲ್ಲ. ಮದುವೆ ಮಾಡಿ ಕೊಟ್ಟಾಯ್ತು, ಅಲ್ಲಿಗೆ ಮುಗೀತು ಅನ್ನೋ ಲೆಕ್ಕ ಊರಲ್ಲಿ ಇನ್ನೂ ಇದೆ. ಆದರೆ ಆ ತೋಟ ಅಪ್ಪನ ಸ್ವಂತ ಸಂಪಾದನೆ, ಅವರು ವಿಲ್ ಬರೆದಿರಲಿಲ್ಲ, ಅಮ್ಮ ಅವರಿಗಿಂತ ಮೊದಲೇ ತೀರಿಕೊಂಡಿದ್ದರು. ಅಂಥ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೆ ಸಮಪಾಲು ಇರುವುದು ಪಿತ್ರಾರ್ಜಿತ ಆಸ್ತಿಗೆ ಸಂಬಂಧಿಸಿದ 2005ರ ತಿದ್ದುಪಡಿಯಿಂದ ಅಲ್ಲ, 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯಿಂದಲೇ. ಒಬ್ಬೊಬ್ಬರಿಗೆ ಐದರಲ್ಲಿ ಒಂದು ಪಾಲು. ಅರ್ಧ ಎಲ್ಲಿಂದ ಬರಬೇಕು?

ನಾವು ಅಕ್ಕತಂಗಿಯರು ಸೇರಿ ವಕೀಲರನ್ನು ಹಿಡಿದು ಇಂಪ್ಲೀಡಿಂಗ್ ಅರ್ಜಿ, ಅಂದರೆ ನಮ್ಮನ್ನೂ ದಾವೆಯಲ್ಲಿ ಸೇರಿಸಿಕೊಳ್ಳಿ ಅನ್ನುವ ಅರ್ಜಿ, ಹಾಕಿದೆವು. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 1, ನಿಯಮ 10ರ ಪ್ರಕಾರ ದಾವೆ ಯಾವ ಹಂತದಲ್ಲಿದ್ದರೂ ಬೇಕಾದವರನ್ನು ಸೇರಿಸಬಹುದು, ಯಾರೂ ಅರ್ಜಿ ಹಾಕದಿದ್ದರೂ ಕೋರ್ಟೇ ಸೇರಿಸಬಹುದು. ಕೋರ್ಟ್ ಒಪ್ಪಿತು. ದಾವಾ ಅರ್ಜಿಯ ಅಂಚಿನಲ್ಲಿ ಕೆಂಪು ಇಂಕಿನಲ್ಲಿ ನಮ್ಮ ಹೆಸರು ಬರೆದರು, ಎರಡನೇ, ಮೂರನೇ, ನಾಲ್ಕನೇ ಪ್ರತಿವಾದಿ ಅಂತ. ಮಂಡಿ ನೋವಿನ ನಮ್ಮ ದೊಡ್ಡಕ್ಕ ಕೋರ್ಟಿನ ಮೆಟ್ಟಿಲು ಹತ್ತಿ ಬಂದು ಆ ಹಾಳೆಯನ್ನು ತುಂಬಾ ಹೊತ್ತು ನೋಡುತ್ತಾ ನಿಂತಿದ್ದಳು.

ಆದರೆ ಇಷ್ಟು ತಡವಾಗಿ ಸೇರಿದ್ದಕ್ಕೆ ಎಲ್ಲರೂ ದಂಡ ತೆರುತ್ತಿದ್ದೇವೆ. ಸಾಕ್ಷಿ ವಿಚಾರಣೆ ಮುಗಿದು ವಾದಕ್ಕೆ ಬಂದಿದ್ದ ಕೇಸು, ಈಗ ನಮ್ಮ ಹೇಳಿಕೆ, ನಮ್ಮ ಪಾಟೀಸವಾಲು ಅಂತ ಹಿಂದಕ್ಕೆ ಹೋಗಿದೆ. ಅಪ್ಪನ ಕಾಲದ ವಿಷಯ ಗೊತ್ತಿದ್ದ ಸಾಕ್ಷಿಯೊಬ್ಬರು ಈಗ ಇಲ್ಲ, ಅವರನ್ನು ನಾವು ಏನೂ ಕೇಳಲು ಆಗಲೇ ಇಲ್ಲ. ನಾವು ಸೇರದೇ ಇದ್ದಿದ್ದರೂ ತಮ್ಮನಿಗೆ ಲಾಭವಿರಲಿಲ್ಲ. ಪಾಲಿನ ದಾವೆಯಲ್ಲಿ ಪಾಲುದಾರರೆಲ್ಲ ಇರಲೇಬೇಕು, ಇಲ್ಲದಿದ್ದರೆ ದಾವೆ ಬಿದ್ದುಹೋಗಬಹುದು. ಡಿಕ್ರಿ, ಅಂದರೆ ಕೋರ್ಟಿನ ತೀರ್ಮಾನದ ಆದೇಶ, ಆದರೂ ಅದು ನಮ್ಮನ್ನು ಕಟ್ಟಿಹಾಕುವುದಿಲ್ಲ.

ಇದರ ನಡುವೆ ಅಣ್ಣ ಅರ್ಧ ಎಕರೆ ಮಾರಿಬಿಟ್ಟಿದ್ದಾನೆ. ಕೊಂಡವರು ಇಸಿ (ಆಸ್ತಿಯ ಮೇಲೆ ನೋಂದಣಿಯಾದ ಕ್ರಯ, ಸಾಲದ ವಿವರ ಇರುವ ಪತ್ರ) ತೆಗೆಸಿ ನೋಡಿದ್ದರಂತೆ, ಅದರಲ್ಲಿ ದಾವೆಯ ಸುಳಿವೇ ಇಲ್ಲ. ಆಸ್ತಿ ವರ್ಗಾವಣೆ ಕಾಯ್ದೆಯ 52ನೇ ಕಲಂ ಪ್ರಕಾರ, ಕೇಸು ನಡೆಯುವಾಗ ಕೊಂಡವರು ಕೇಸಿನ ತೀರ್ಪಿಗೆ ತಲೆಬಾಗಲೇಬೇಕು, ನನಗೆ ಗೊತ್ತಿರಲಿಲ್ಲ ಅಂದರೆ ನಡೆಯುವುದಿಲ್ಲ. ಈಗ ಅವರೂ ಇಂಪ್ಲೀಡ್ ಆಗಲು ಅರ್ಜಿ ಹಾಕಿದ್ದಾರೆ. ಮಗಳ ಮದುವೆಗೆ ಇಟ್ಟಿದ್ದ ದುಡ್ಡು ಅಂತ ಕೋರ್ಟ್ ಜಗಲಿಯಲ್ಲಿ ನನ್ನ ಹತ್ತಿರ ಹೇಳಿಕೊಂಡರು. ಏನು ಹೇಳಲಿ ಅವರಿಗೆ?

ಹಾಗಂತ ಆಸ್ತಿ ಮೇಲೆ ಕಣ್ಣಿಟ್ಟವರೆಲ್ಲ ಪರರ ಕೇಸಿಗೆ ನುಗ್ಗಲಿ ಅಂತ ನಾನು ಹೇಳುತ್ತಿಲ್ಲ. ಕ್ರಯದ ಕರಾರು ಜಾರಿ ಮಾಡಿಸಿ ಅನ್ನುವ ದಾವೆಯಲ್ಲಿ, ಆಸ್ತಿಯೇ ನನ್ನದು ಅಂತ ಹೊರಗಿನಿಂದ ಬಂದವರನ್ನು ಸೇರಿಸಬೇಕಿಲ್ಲ ಅಂತ ಸುಪ್ರೀಂ ಕೋರ್ಟ್ 2005ರಲ್ಲಿ ಕಸ್ತೂರಿ ಪ್ರಕರಣದಲ್ಲಿ ಹೇಳಿದೆ. ಅದು ಸರಿಯೇ. ಅಂಥವರು ಬೇರೆ ದಾವೆ ಹಾಕಿಕೊಳ್ಳಲಿ. ಒಂದೇ ತಂದೆಯ ಮಕ್ಕಳ ಮಾತು ಬೇರೆ ಅಲ್ವಾ?

ಪಾಲಿನ ದಾವೆ ದಾಖಲಾಗುವ ದಿನವೇ ನಾಡಕಚೇರಿಯಿಂದ ಪಡೆದ ವಂಶವೃಕ್ಷವನ್ನು ಕಡ್ಡಾಯ ಮಾಡಿ. ಅದರಲ್ಲಿರುವ ಪ್ರತಿ ಹೆಸರೂ ದಾವೆಯಲ್ಲಿ ಇದೆಯಾ ಅಂತ ಕೋರ್ಟ್ ಕಚೇರಿಯಲ್ಲೇ ತಾಳೆ ನೋಡಲಿ. ಅರ್ಧ ಗಂಟೆಯ ಕೆಲಸ. ಮಹಾರಾಷ್ಟ್ರ, ಗುಜರಾತ್‌ನಲ್ಲಿ ದಾವೆಯ ನೋಟಿಸನ್ನು ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಾಯಿಸುವ ವ್ಯವಸ್ಥೆ ಇದೆ. ನಮ್ಮಲ್ಲೂ ಅದು ಬಂದರೆ ಕೊಳ್ಳುವವರಿಗೆ ಇಸಿಯಲ್ಲೇ ಕೇಸು ಕಾಣುತ್ತದೆ. ಕಂದಾಯ ಸಚಿವರು ಈ ಬಗ್ಗೆ ದಯವಿಟ್ಟು ಯೋಚಿಸಬೇಕು.

ಇದನ್ನು ಓದುತ್ತಿರುವ ಅಕ್ಕತಂಗಿಯರಲ್ಲಿ ಒಂದು ಮಾತು. ತವರಿನ ಜಮೀನಿನ ಪಹಣಿಯನ್ನು ಒಮ್ಮೆ ತೆಗೆಸಿ ನೋಡಿ. ಊರಿನ ಕೋರ್ಟಿನಲ್ಲಿ ಅಣ್ಣತಮ್ಮಂದಿರ ಹೆಸರಲ್ಲಿ ಕೇಸು ಇದೆಯಾ ಅಂತ ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಹುಡುಕಿ. ಅದಕ್ಕೆ ದುಡ್ಡು ಕೊಡಬೇಕಿಲ್ಲ. ಹೆಸರು, ವರ್ಷ ಹಾಕಿದರೆ ಸಾಕು.

ಇಂತಿ,
ಒಬ್ಬ ಓದುಗಿ, ತಿಪಟೂರು ತಾಲ್ಲೂಕು