ನಗ್ನತೆಗೆ ಸಿಕ್ಕ ತೀರ್ಪು ಮಕ್ಕಳ ಚಿತ್ರಕ್ಕಲ್ಲ

ನಗ್ನಜೀವನ ಪಂಥದ ಹಳೆಯ ಪತ್ರಿಕೆಗಳನ್ನು, ನ್ಯಾಯಾಲಯವೇ ಒಪ್ಪಿದೆ ಎಂಬ ಕಾರಣ ನೀಡಿ, ಇಡಿಯಾಗಿ ಅಂತರ್ಜಾಲಕ್ಕೆ ಏರಿಸುವುದು ತಪ್ಪು. ಅಮೆರಿಕದ ಅಂಚೆ ಇಲಾಖೆ ತಡೆದಿದ್ದ, ಈ ಪಂಥದ ‘ಸನ್‌ಶೈನ್ ಅಂಡ್ ಹೆಲ್ತ್’ ಮಾಸಿಕದ ಪರವಾಗಿ ಅಲ್ಲಿನ ಸುಪ್ರೀಂ ಕೋರ್ಟ್ 1958ರಲ್ಲಿ ಆದೇಶ ನೀಡಿದ್ದು ನಿಜ. ಆದರೆ ಆ ಆದೇಶದಲ್ಲಿ ವಿವರಣೆಯೇ ಇರಲಿಲ್ಲ. ಅಶ್ಲೀಲತೆ ಎಂದರೇನೆಂದು ಅದೇ ಕೋರ್ಟ್ ಹಿಂದಿನ ವರ್ಷ ಹೇಳಿದ್ದ ರಾತ್ ಪ್ರಕರಣದ ಉಲ್ಲೇಖವಷ್ಟೇ ಇತ್ತು. ನಮ್ಮ ಸುಪ್ರೀಂ ಕೋರ್ಟ್ ಕೂಡ 2014ರಲ್ಲಿ, ಟೆನಿಸ್ ಆಟಗಾರ ಬೋರಿಸ್ ಬೆಕರ್ ಅವರ ನಗ್ನ ಛಾಯಾಚಿತ್ರದ ಪ್ರಕರಣದಲ್ಲಿ, ಸುಲಭವಾಗಿ ಕೆಡಬಲ್ಲ ಮನಸ್ಸುಗಳನ್ನು ಕೆಡಿಸುವಂಥದ್ದೆಲ್ಲ ಅಶ್ಲೀಲ ಎನ್ನುವ 1868ರ ಇಂಗ್ಲೆಂಡಿನ ಹಿಕ್ಲಿನ್ ಮಾನದಂಡವನ್ನು ಕೈಬಿಟ್ಟು ಸಮಕಾಲೀನ ಸಮಾಜದ ದೃಷ್ಟಿಯಿಂದ ಅಶ್ಲೀಲತೆಯನ್ನು ಅಳೆಯಬೇಕೆಂದಿತು.

ಇವೆರಡೂ ಅಶ್ಲೀಲತೆಯ ಪ್ರಶ್ನೆಗೆ ಉತ್ತರಗಳೇ ಹೊರತು ಒಪ್ಪಿಗೆಯ ಪ್ರಶ್ನೆಗಲ್ಲ. ಈ ಪತ್ರಿಕೆಗಳಲ್ಲಿ ಕುಟುಂಬಗಳ ಚಿತ್ರಗಳೂ ಇರುತ್ತಿದ್ದವು. ಮಗು ಒಪ್ಪಿಗೆ ಕೊಡಲಾರದು. ಅಂದಿನ ಪೋಷಕರು ಒಪ್ಪಿದ್ದು ಮುದ್ರಣಕ್ಕೆ, ಜಗತ್ತಿನಾದ್ಯಂತ ನಕಲಾಗುವ ಕಡತಕ್ಕಲ್ಲ. ನಮ್ಮ ಮಾಹಿತಿ ತಂತ್ರಜ್ಞಾನ ಕಾಯ್ದೆಯ 67ಬಿ ಸೆಕ್ಷನ್ ಮಕ್ಕಳನ್ನು ಅಸಭ್ಯವಾಗಿ ತೋರಿಸುವ ಚಿತ್ರಗಳ ಪ್ರಸಾರವನ್ನಷ್ಟೇ ಅಲ್ಲ, ಸಂಗ್ರಹ ಮತ್ತು ಡೌನ್‌ಲೋಡನ್ನೂ ಅಪರಾಧವಾಗಿಸಿದೆ.

ಸಂಶೋಧಕರಿಗೆ ಬೇಕಿರುವುದು ಹೆಚ್ಚಾಗಿ ಸಂಪಾದಕೀಯ, ಓದುಗರ ಪತ್ರ ಮತ್ತು ಜಾಹೀರಾತು. ಆದ್ದರಿಂದ ಗ್ರಂಥಾಲಯಗಳು ಸ್ಕ್ಯಾನಿಂಗ್‌ಗೆ ಮೊದಲೇ ಪುಟಗಳನ್ನು ಪರಿಶೀಲಿಸಿ, ಅಪ್ರಾಪ್ತರ ಚಿತ್ರಗಳನ್ನು, ವಯಸ್ಸಿನ ಬಗ್ಗೆ ಅನುಮಾನವಿರುವವನ್ನೂ ಸೇರಿಸಿ, ಹೊರಗಿಡಲಿ.

– ಓದುಗರೊಬ್ಬರು, ಧಾರವಾಡ